ಬಿಸಿಲಿಗೆ ಹಾರುವ ಪತಂಗ: ಗೋಲ್ಡನ್ ಸನ್ ಮಾತ್

ಚಿಟ್ಟೆ ಹಗಲಿನದು, ಅದರ ಮೀಸೆಯ ತುದಿ ಗುಂಡಗೆ. ಪತಂಗ ರಾತ್ರಿಯದು, ಅದರ ಮೀಸೆ ದಾರದಂತೆ ಅಥವಾ ಗರಿಯಂತೆ. ನಾವೆಲ್ಲ ಬಾಯಿಪಾಠ ಮಾಡಿದ ಈ ಸೂತ್ರಕ್ಕೆ ಆಗ್ನೇಯ ಆಸ್ಟ್ರೇಲಿಯಾದ ಒಣ ಹುಲ್ಲುಗಾವಲಿನಲ್ಲಿ ಒಂದು ಅಪವಾದವಿದೆ. ಗೋಲ್ಡನ್ ಸನ್ ಮಾತ್, ವೈಜ್ಞಾನಿಕ ಹೆಸರು ಸಿನೆಮಾನ್ ಪ್ಲಾನಾ. ಮೀಸೆಯ ತುದಿ ಗುಂಡಗೆ, ಹಾರಾಟ ನಡುಹಗಲಲ್ಲಿ. ಆದರೂ ಇದು ಪತಂಗವೇ. ಇದರ ಕುಟುಂಬ ಕ್ಯಾಸ್ಟ್ನಿಯಿಡೇ. ನೆಂಟರು ದಕ್ಷಿಣ ಅಮೆರಿಕದಲ್ಲೂ ಇದ್ದಾರೆ.

ಪರೀಕ್ಷೆಗೆ ಇಷ್ಟು ಸಾಕಾಗಬಹುದು. ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಇದರ ಬದುಕಿನ ಲೆಕ್ಕಾಚಾರ. ಪ್ರೌಢ ಪತಂಗಕ್ಕೆ ಕೆಲಸಕ್ಕೆ ಬರುವ ಬಾಯಿಯೇ ಇಲ್ಲ. ಮರಿಹುಳುವಾಗಿ ಮಣ್ಣಿನೊಳಗೆ ವಾಲಬಿ ಹುಲ್ಲು ಎಂಬ ಅಲ್ಲಿನ ನಾಡಹುಲ್ಲಿನ ಬೇರು ತಿಂದು ಕೂಡಿಟ್ಟದ್ದೇ ಅದರ ಬಂಡವಾಳ. ಹೊರಬಂದ ಮೇಲೆ ಕೆಲವೇ ದಿನಗಳ ಆಯುಸ್ಸು. ಅಲ್ಲಿನ ವಸಂತದ ಕೊನೆ ಮತ್ತು ಬೇಸಿಗೆಯ ಆರಂಭದಲ್ಲಿ, ಹೆಚ್ಚಾಗಿ ನವೆಂಬರ್, ಡಿಸೆಂಬರ್‌ನಲ್ಲಿ, ಗಾಳಿ ಕಡಿಮೆಯಿರುವ ಬಿಸಿಲ ದಿನ ಬೆಳಗಿನ 10ರಿಂದ ಮಧ್ಯಾಹ್ನ 2ರ ಹೊತ್ತಿಗೆ ಗಂಡು ನೆಲದಿಂದ ಸುಮಾರು ಒಂದು ಮೀಟರ್ ಎತ್ತರದಲ್ಲಿ ಹುಡುಕುತ್ತಾ ಹಾರುತ್ತದೆ. ಹೆಣ್ಣು ಹಾರುವುದೇ ಅಪರೂಪ. ಹುಲ್ಲಿನ ಬುಡಗಳ ನಡುವಿನ ಬರಿನೆಲದಲ್ಲಿ ಕುಳಿತು, ಕಿತ್ತಳೆ ಬಣ್ಣದ ಹಿಂರೆಕ್ಕೆಯನ್ನು ಬಿಚ್ಚಿ ತೋರಿಸುತ್ತದೆ.

ಬರಿನೆಲ ಎಂಬುದನ್ನು ಅಡಿಗೆರೆ ಎಳೆದು ಓದಿ. ಹುಲ್ಲು ಎತ್ತರವಾಗಿ ಒತ್ತಾಗಿ ಬೆಳೆದರೆ ಹೆಣ್ಣಿನ ಆ ಬಣ್ಣ ಗಂಡಿನ ಕಣ್ಣಿಗೆ ಬೀಳುವುದು ಕಷ್ಟ. ಹಿತಮಿತವಾಗಿ ಮೇಯಿಸಿದ ಅಥವಾ ಕತ್ತರಿಸಿದ ಗಿಡ್ಡ ಹುಲ್ಲು ಅದಕ್ಕೆ ಒಗ್ಗುತ್ತದೆ. ನಮ್ಮ ಕಣ್ಣಿಗೆ ಬಡಕಲಾಗಿ ಕಾಣುವ ನೆಲವೇ ಅದಕ್ಕೆ ಸಮೃದ್ಧ ನೆಲ.

ಇನ್ನೊಂದು ಸಂಖ್ಯೆ: 100 ಮೀಟರ್. ತಕ್ಕ ಹುಲ್ಲು ಬಿಟ್ಟು ಅದಕ್ಕಿಂತ ದೂರ ಗಂಡು ಸಾಮಾನ್ಯವಾಗಿ ಹೋಗುವುದಿಲ್ಲ. ನಡುವೆ ಒಂದು ಬಡಾವಣೆ ಎದ್ದರೆ ಎರಡು ಕಡೆಯ ಪತಂಗಗಳು ಮತ್ತೆ ಸೇರುವ ದಾರಿ ಮುಚ್ಚಿದಂತೆಯೇ. ಅಲ್ಲಿನ ಸಮಶೀತೋಷ್ಣ ಹುಲ್ಲುಗಾವಲಿನಲ್ಲಿ ಮೂಲರೂಪದಲ್ಲಿ ಉಳಿದಿರುವುದು ಶೇ. 1ಕ್ಕೂ ಕಡಿಮೆ. 2002ರಲ್ಲಿ ಆಸ್ಟ್ರೇಲಿಯಾ ಇದನ್ನು ತೀವ್ರ ಅಪಾಯದ ಪಟ್ಟಿಗೆ ಸೇರಿಸಿತು. ಸಮೀಕ್ಷೆಗಳಲ್ಲಿ ಹೊಸ ನೆಲೆಗಳು ಸಿಕ್ಕಿದ ಮೇಲೆ, 2021ರಲ್ಲಿ ಅಪಾಯದ ದರ್ಜೆ ಇಳಿಯಿತು. ಹುಲ್ಲಿನ ಬುಡದಲ್ಲಿ ಮಣ್ಣಿನಿಂದ ಅರ್ಧ ಹೊರಚಾಚಿದ ಖಾಲಿ ಪೊರೆಕೋಶ, ಅಂದರೆ ಪತಂಗ ಹೊರಬಂದ ಮೇಲೆ ಉಳಿದ ಕವಚ, ಕಂಡರೆ ಅದು ಅಲ್ಲಿ ಪತಂಗವಿರುವ ಸುಳಿವು.

ದಕ್ಷಿಣ ಅಮೆರಿಕದಿಂದ ಬಂದ ಚಿಲಿ ಸೂಜಿಹುಲ್ಲು ಈ ಬಯಲುಗಳನ್ನು ಆವರಿಸುತ್ತಿರುವ ಕಳೆ. ಆದರೆ ಮರಿಹುಳು ಅದರ ಬೇರನ್ನೂ ತಿನ್ನುತ್ತದೆ. ಹಾಗಾಗಿ ಕಳೆಯನ್ನು ಒಂದೇ ಸಲಕ್ಕೆ ಬುಡಸಹಿತ ತೆಗೆದರೆ, ಬೇರಿನ ಜೊತೆ ಪತಂಗದ ಮರಿಗಳೂ ಹೋಗುತ್ತವೆ.