ವಿದೇಶಿ ತಂತ್ರಜ್ಞಾನ ಬಂದರೆ ಕೆಲಸ ಬಲ್ಲವರ ಕೂಲಿ ಏರುತ್ತದೆಯೇ?

ಓದುಗರ ಪ್ರಶ್ನೆ: ನಮ್ಮ ಹುಡುಗ ರಾಯಚೂರಿನಲ್ಲಿ ಐಟಿಐ ಓದುತ್ತಿದ್ದಾನೆ, ಫಿಟ್ಟರ್ ಟ್ರೇಡ್. ತೋರಣಗಲ್ಲು, ಶಕ್ತಿನಗರ, ಗಂಗಾವತಿ, ಎಲ್ಲಿ ನೋಡಿದರೂ ಹೊರದೇಶದ ತಂತ್ರಜ್ಞಾನದ ಯಂತ್ರಗಳೇ ಕಾಣುತ್ತಿವೆ. ಇದರಿಂದ ಕುಶಲ ಕಾರ್ಮಿಕರಿಗೆ ಬೆಲೆ ಬರುತ್ತದೆ ಎಂದು ಕೆಲವರು ಹೇಳುತ್ತಾರೆ, ಇದ್ದ ಕೆಲಸವೂ ಹೋಗುತ್ತದೆ ಎಂದು ಇನ್ನು ಕೆಲವರು. ಯಾವುದು ನಿಜ?

ಉತ್ತರ: ಎರಡೂ ನಿಜ, ಮತ್ತು ಅನೇಕ ಸಲ ಎರಡೂ ಒಂದೇ ಕಾರ್ಖಾನೆಯ ಗೋಡೆಯೊಳಗೆ ನಡೆಯುತ್ತವೆ. ಯಂತ್ರವನ್ನು ನಡೆಸುವುದಷ್ಟೇ ಸ್ಥಳೀಯರ ಪಾಲಿಗೆ ಬಂದು, ಅದನ್ನು ಬಿಚ್ಚುವ, ಸರಿಪಡಿಸುವ, ಹೊಂದಿಸುವ ತಿಳಿವಳಿಕೆ ಮಾರಿದವರ ಬಳಿಯೇ ಉಳಿದರೆ ಕುಶಲಕರ್ಮಿಗೆ ದೊಡ್ಡ ಲಾಭವಿಲ್ಲ. ಆ ತಿಳಿವಳಿಕೆ ಇಲ್ಲಿನವರ ಕೈಗೆ ಹತ್ತಿದರೆ ಮಾತ್ರ ಕೂಲಿ ಏರುತ್ತದೆ.

ಅರ್ಥಶಾಸ್ತ್ರದ ಹಳೆಯ ಲೆಕ್ಕ ಬೇರೆಯೇ ಇತ್ತು. 1941ರಲ್ಲಿ ಸ್ಟಾಲ್ಪರ್ ಮತ್ತು ಸ್ಯಾಮ್ಯುಯಲ್ಸನ್ ಮಂಡಿಸಿದ ಸಿದ್ಧಾಂತವನ್ನು ಬಡ ದೇಶಗಳಿಗೆ ಅನ್ವಯಿಸಿದರೆ, ವ್ಯಾಪಾರದ ಬಾಗಿಲು ತೆರೆದಾಗ ಅಲ್ಲಿ ಹೇರಳವಾಗಿರುವ ಸಾಮಾನ್ಯ ಕೂಲಿಕಾರರ ವೇತನ ಏರಬೇಕು, ವಿರಳವಾಗಿರುವ ಕುಶಲ ಕಾರ್ಮಿಕರ ಮೇಲುಗೈ ಸ್ವಲ್ಪ ಇಳಿಯಬೇಕು. ಆದರೆ 1980ರ ದಶಕದ ನಡುವಿನಲ್ಲಿ ವ್ಯಾಪಾರ ಮುಕ್ತಗೊಳಿಸಿದ ಮೆಕ್ಸಿಕೊದಲ್ಲಿ ಕುಶಲರಿಗೂ ಉಳಿದವರಿಗೂ ನಡುವಿನ ಅಂತರ ಹಿಗ್ಗಿತು. 1991ರ ನಂತರದ ಭಾರತದಲ್ಲೂ ಓದಿದವರ, ತರಬೇತಿ ಪಡೆದವರ ವೇತನವೇ ಹೆಚ್ಚು ವೇಗವಾಗಿ ಬೆಳೆಯಿತು. ಇದಕ್ಕೆ ಅರ್ಥಶಾಸ್ತ್ರಜ್ಞರಾದ ರಾಬರ್ಟ್ ಫೀನ್‌ಸ್ಟ್ರಾ ಮತ್ತು ಗಾರ್ಡನ್ ಹ್ಯಾನ್ಸನ್ ಕೊಟ್ಟ ವಿವರಣೆ ಸರಳವಾಗಿದೆ. ಅಮೆರಿಕದ ಕಂಪನಿಗಳು ಮೆಕ್ಸಿಕೊಕ್ಕೆ ಸಾಗಹಾಕಿದ ಕೆಲಸಗಳು ಅಮೆರಿಕದ ದೃಷ್ಟಿಯಲ್ಲಿ ಕಡಿಮೆ ಕೌಶಲದವು, ಮೆಕ್ಸಿಕೊದ ದೃಷ್ಟಿಯಲ್ಲಿ ಮಾತ್ರ ಅವೇ ಹೆಚ್ಚು ಕೌಶಲದವು. ಹೀಗಾಗಿ ಎರಡೂ ಕಡೆ ಕುಶಲರಿಗೇ ಬೇಡಿಕೆ ಹೆಚ್ಚಿತು. ಆಮದಾದ ಯಂತ್ರಗಳ ವಿನ್ಯಾಸವೂ ಇದಕ್ಕೆ ಕೂಡಿಕೊಂಡಿತು. ಕೂಲಿ ದುಬಾರಿಯಾದ ದೇಶಗಳಲ್ಲಿ ರೂಪುಗೊಂಡ ಯಂತ್ರ ಎಲ್ಲಿಗೆ ಹೋದರೂ ಕಡಿಮೆ ಆಳು, ಹೆಚ್ಚು ತರಬೇತಿ ಕೇಳುತ್ತದೆ.

ಇದನ್ನು ನಮ್ಮ ಭಾಗದಲ್ಲಿಯೇ ನೋಡಬಹುದು. ಶಕ್ತಿನಗರದ ರಾಯಚೂರು ಶಾಖೋತ್ಪನ್ನ ವಿದ್ಯುತ್ ಕೇಂದ್ರದ ಮೊದಲ ಘಟಕ 1985ರಲ್ಲಿ ಆರಂಭವಾಯಿತು. ಅಲ್ಲಿನ ಎಂಟು ಘಟಕಗಳಲ್ಲಿ ಏಳು 210 ಮೆಗಾವಾಟ್‌ನವು. ಮೂರು ದಶಕಗಳ ನಂತರ ರಾಯಚೂರಿನ ಪಕ್ಕದ ಯರಮರಸ್‌ನಲ್ಲಿ ಎದ್ದ ಎರಡು ಘಟಕಗಳು ತಲಾ 800 ಮೆಗಾವಾಟ್‌ನವು, ಸೂಪರ್‌ಕ್ರಿಟಿಕಲ್ ತಂತ್ರಜ್ಞಾನದವು. ಇವುಗಳಲ್ಲಿ ಉಗಿಯ ಒತ್ತಡ 221 ಬಾರ್‌ಗಿಂತ (ವಾತಾವರಣದ ಒತ್ತಡದ ಇನ್ನೂರು ಪಟ್ಟಿಗೂ ಹೆಚ್ಚು) ಮೇಲಿರುತ್ತದೆ, ಆ ಒತ್ತಡದಲ್ಲಿ ನೀರಿಗೂ ಉಗಿಗೂ ಭೇದವೇ ಉಳಿಯುವುದಿಲ್ಲ. ಇಷ್ಟು ಒತ್ತಡ, ಇಷ್ಟು ಶಾಖ ತಡೆಯಲು ಬಿಸಿಯುಗಿಯ ಕೊಳವೆಗಳಿಗೆ ಸುಮಾರು ಶೇ 9ರಷ್ಟು ಕ್ರೋಮಿಯಂ ಇರುವ, ಕೆಲಸದವರು ಪಿ-91 ಎಂದು ಕರೆಯುವ ಉಕ್ಕು ಬೇಕು.

ವೆಲ್ಡರ್‌ನ ಬದುಕಿನಲ್ಲಿ ಈ ಒಂದು ಬದಲಾವಣೆಯ ಪರಿಣಾಮವನ್ನು ಗಮನಿಸಿ. ಬಾಯ್ಲರ್‌ನ ಒತ್ತಡದ ಭಾಗಗಳನ್ನು ಬೆಸೆಯುವವರು 1950ರ ಭಾರತೀಯ ಬಾಯ್ಲರ್ ನಿಯಮಗಳ (ಐಬಿಆರ್) ಪ್ರಕಾರ ಪರೀಕ್ಷೆ ಪಾಸಾಗಿರಬೇಕು. ಅಂಥವರನ್ನು ಸೈಟಿನಲ್ಲಿ ಐಬಿಆರ್ ವೆಲ್ಡರ್ ಎನ್ನುತ್ತಾರೆ, ಕೂಲಿಯೂ ಉಳಿದವರಿಗಿಂತ ಮೇಲು. ಹಳೆಯ ಘಟಕಗಳ ಉಕ್ಕಿನಲ್ಲಿ ಕೈ ಪಳಗಿದ ವೆಲ್ಡರ್‌ಗೆ ಪಿ-91 ಬೇರೆಯೇ ಶಿಸ್ತು. ಬೆಸೆಯುವ ಮುನ್ನ ಜೋಡಣೆಯ ಜಾಗವನ್ನು ಸುಮಾರು 200 ಡಿಗ್ರಿ ಸೆಲ್ಸಿಯಸ್‌ಗೆ ಕಾಯಿಸಬೇಕು, ಕೆಲಸ ಮುಗಿಯುವವರೆಗೂ ಆ ಕಾವು ಇಳಿಯಬಾರದು, ಮುಗಿದ ಮೇಲೆ 760 ಡಿಗ್ರಿಯ ಆಸುಪಾಸಿನಲ್ಲಿ ಗಂಟೆಗಟ್ಟಲೆ ಹಿಡಿದಿಟ್ಟು ನಿಧಾನವಾಗಿ ತಣಿಸಬೇಕು, ಅನಂತರ ಗಡಸುತನ ಅಳೆಯಬೇಕು. ಈ ಕ್ರಮದಲ್ಲಿ ಎಡವಿದರೆ, ಮೇಲ್ನೋಟಕ್ಕೆ ಚೆಂದ ಕಾಣುವ ಬೆಸುಗೆಯೇ ಮುಂದೊಂದು ದಿನ ಬಿರುಕು ಬಿಡಬಹುದು. ಪಿ-91 ಬೆಸೆಯುವ ಪರೀಕ್ಷೆಯನ್ನೂ ಪಾಸಾದವನಿಗೆ ದೇಶದ ಯಾವ ಸೈಟಿನಲ್ಲಾದರೂ, ಕೊಲ್ಲಿ ದೇಶಗಳಲ್ಲಾದರೂ ಕೆಲಸವಿದೆ. ಪಾಸಾಗದವನು ಸಾಮಾನ್ಯ ಸ್ಟ್ರಕ್ಚರ್ ಕೆಲಸಕ್ಕೆ ಇಳಿಯುತ್ತಾನೆ.

ಈ ತಂತ್ರಜ್ಞಾನ ನಮ್ಮ ದೇಶಕ್ಕೆ ಬಂದ ದಾರಿಯನ್ನು ನೋಡಿದರೆ ವಿಷಯ ಇನ್ನಷ್ಟು ಸ್ಪಷ್ಟವಾಗುತ್ತದೆ. ಯರಮರಸ್‌ಗೆ ಯಂತ್ರ ಒದಗಿಸಿದ ಸರ್ಕಾರಿ ಕಂಪನಿ ಬಿಎಚ್‌ಇಎಲ್, ಸೂಪರ್‌ಕ್ರಿಟಿಕಲ್ ಬಾಯ್ಲರ್‌ಗೆ ಫ್ರಾನ್ಸ್‌ನ ಆಲ್‌ಸ್ಟಮ್‌ನಿಂದ, ಟರ್ಬೈನ್‌ಗೆ ಜರ್ಮನಿಯ ಸೀಮೆನ್ಸ್‌ನಿಂದ ಪರವಾನಗಿ ಪಡೆಯಿತು. ಬಾಯ್ಲರ್ ತಯಾರಾಗುವುದು ತಿರುಚಿರಾಪಳ್ಳಿಯಲ್ಲಿ, ಟರ್ಬೈನ್ ಹರಿದ್ವಾರದಲ್ಲಿ. ವೆಲ್ಡಿಂಗ್ ಸಂಶೋಧನಾ ಸಂಸ್ಥೆಯೂ ತಿರುಚಿಯಲ್ಲಿದೆ. ಕಾರ್ಖಾನೆಗೆ ಬಿಡಿಭಾಗ ಮಾಡಿಕೊಡುವ ಸಣ್ಣ ಘಟಕಗಳೂ ಅದರ ಸುತ್ತಲೇ ಬೆಳೆದವು. ಯಂತ್ರ ನಿಂತದ್ದು ರಾಯಚೂರಿನಲ್ಲಾದರೂ ಕೌಶಲ ಬೇರೂರಿದ್ದು ಅದನ್ನು ತಯಾರಿಸಿದ ಊರಿನಲ್ಲಿ. ಕಟ್ಟುವ ಕೆಲಸ ನಡೆಯುವಷ್ಟು ಕಾಲ ಇಲ್ಲಿ ಕೂಲಿ ಇರುತ್ತದೆ, ಮುಗಿದ ಮೇಲೆ ಗುತ್ತಿಗೆದಾರ ತನ್ನ ಆಳುಗಳೊಂದಿಗೆ ಮುಂದಿನ ಸೈಟಿಗೆ ಹೊರಟುಹೋಗುತ್ತಾನೆ. ಜಮೀನು, ನೀರು ಕೊಟ್ಟ ಊರಿನವರ ಚೌಕಾಶಿಯಲ್ಲಿ ನೌಕರಿಯ ಮಾತಿನ ಜೊತೆಗೆ ತರಬೇತಿಯ ಮಾತೂ ಬರಬೇಕಿತ್ತು ಎಂಬುದು ನನ್ನ ಅಭಿಪ್ರಾಯ.

ತೋರಣಗಲ್ಲಿನ ಕಥೆ ಸ್ವಲ್ಪ ಭಿನ್ನ. ಜಿಂದಾಲ್‌ನವರು ಅಲ್ಲಿ 1999ರಲ್ಲಿ ಆರಂಭಿಸಿದ, ಅದಿರಿನಿಂದ ಕಬ್ಬಿಣ ತೆಗೆಯುವ ಕೊರೆಕ್ಸ್ ಘಟಕದ ತಂತ್ರಜ್ಞಾನ ಆಸ್ಟ್ರಿಯಾದ್ದು, ಭಾರತಕ್ಕೆ ಅದೇ ಮೊದಲನೆಯದು. ಅದಕ್ಕೂ ಮುನ್ನ ಅದು ದಕ್ಷಿಣ ಆಫ್ರಿಕಾ ಮತ್ತು ಕೊರಿಯಾದಂಥ ಬೆರಳೆಣಿಕೆಯ ಕಡೆ ಮಾತ್ರ ನಡೆದಿದ್ದರಿಂದ ಅನುಭವಿಗಳನ್ನು ಹೊರಗಿನಿಂದ ಕರೆತರುವ ದಾರಿ ಕಿರಿದಾಗಿತ್ತು. ಹಗಲೂ ರಾತ್ರಿ ಉರಿಯುವ ಕುಲುಮೆಯನ್ನು ದೂರದಿಂದ ಬರುವ ಎಂಜಿನಿಯರ್‌ನನ್ನು ನಂಬಿ ನಡೆಸಲಾಗದು; ಕಲಿತವರು ಅಲ್ಲೇ ಇರಬೇಕು.

ಗಂಗಾವತಿ, ಕಾರಟಗಿಯ ರೈಸ್ ಮಿಲ್ಲುಗಳಲ್ಲಿ ಇನ್ನೊಂದು ಮುಖವಿದೆ. ಅಕ್ಕಿಯಲ್ಲಿನ ಕಪ್ಪು ಕಾಳು, ಹಳದಿ ಕಾಳು, ಕಲ್ಲನ್ನು ಹಿಂದೆ ಕೈಯಿಂದ ಆರಿಸುತ್ತಿದ್ದರು, ಹೆಚ್ಚಾಗಿ ಹೆಂಗಸರು. ಈಗ ಆ ಕೆಲಸ ಕಲರ್ ಸಾರ್ಟರ್‌ನದು. ಇಳಿಜಾರಿನಲ್ಲಿ ಜಾರಿ ಬೀಳುವ ಪ್ರತಿ ಕಾಳನ್ನೂ ಕ್ಯಾಮೆರಾ ನೋಡುತ್ತದೆ, ಬಣ್ಣಗೆಟ್ಟ ಕಾಳು ಕಂಡ ಕ್ಷಣದಲ್ಲೇ ಗಾಳಿಯ ಸಣ್ಣ ಹೊಡೆತದಿಂದ ಅದನ್ನು ಆಚೆ ಸಿಡಿಸುತ್ತದೆ. ಸೂಕ್ಷ್ಮತೆಯನ್ನು ಹೆಚ್ಚಿಗೆ ಇಟ್ಟರೆ ಒಳ್ಳೆಯ ಅಕ್ಕಿಯೂ ರಿಜೆಕ್ಟಿಗೆ ಹೋಗುತ್ತದೆ, ಕಡಿಮೆ ಇಟ್ಟರೆ ಕಪ್ಪು ಕಾಳು ಚೀಲಕ್ಕೆ ಬೀಳುತ್ತದೆ. ಗಾಜಿನ ಮೇಲೆ ದೂಳು ಕೂತರೂ, ಕಂಪ್ರೆಸರ್‌ನ ಗಾಳಿಯಲ್ಲಿ ತೇವ ಸೇರಿದರೂ ಕೆಲಸ ಕೆಡುತ್ತದೆ. ಇಲ್ಲಿ ಕೆಲಸ ಕಳೆದುಕೊಂಡವರು ಒಬ್ಬರು, ಹೊಸ ಕೆಲಸ ಪಡೆದವರು ಇನ್ನೊಬ್ಬರು. ಆರಿಸುವ ಹೆಂಗಸು ಸಾರ್ಟರ್ ಆಪರೇಟರ್ ಆಗುವ ದಾರಿಯನ್ನು ಸಾಮಾನ್ಯವಾಗಿ ಯಾರೂ ಹಾಕಿಕೊಡುವುದಿಲ್ಲ. ಒಟ್ಟು ಲಾಭದ ಲೆಕ್ಕ ಹೇಳುವವರು ಈ ಜಾಗವನ್ನು ಬೇಗ ದಾಟಿಬಿಡುತ್ತಾರೆ.

ಕೌಶಲ ಕೈಯಿಂದ ಕೈಗೆ ಹೇಗೆ ಹಬ್ಬುತ್ತದೆ ಎಂಬುದಕ್ಕೆ ಬಾಂಗ್ಲಾದೇಶದ ದೇಶ್ ಗಾರ್ಮೆಂಟ್ಸ್‌ಗಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ. ಚಿತ್ತಗಾಂಗಿನ ಈ ಕಂಪನಿ ಕೊರಿಯಾದ ಡೇವೂ ಜೊತೆ ಒಪ್ಪಂದ ಮಾಡಿಕೊಂಡು, 1979ರಲ್ಲಿ ತನ್ನ 130 ಮಂದಿಯನ್ನು ಬುಸಾನ್‌ನ ಕಾರ್ಖಾನೆಗೆ ತರಬೇತಿಗೆ ಕಳಿಸಿತು. ಹೊಲಿಗೆಯಷ್ಟೇ ಅಲ್ಲದೆ ಉತ್ಪಾದನೆಯ ಯೋಜನೆ, ಗುಣಮಟ್ಟ ಪರೀಕ್ಷೆ, ಮಾರಾಟವನ್ನೂ ಅವರು ಕಲಿತು ಬಂದರು. 1980ರ ದಶಕ ಮುಗಿಯುವುದರೊಳಗೆ ಅವರಲ್ಲಿ 115 ಮಂದಿ ಕಂಪನಿ ಬಿಟ್ಟು, ಸ್ವಂತ ಕಾರ್ಖಾನೆ ಹಾಕಿದರು ಅಥವಾ ಬೇರೆ ಕಡೆ ಹೆಚ್ಚಿನ ಸಂಬಳಕ್ಕೆ ಸೇರಿದರು. ಕಂಪನಿಗೆ ಅದು ಪೆಟ್ಟು, ದೇಶಕ್ಕೆ ಒಂದು ಉದ್ಯಮ.

ಬಳ್ಳಾರಿಯ ಜೀನ್ಸ್ ಉದ್ಯಮದಲ್ಲೂ ಕಟಿಂಗ್ ಮಾಸ್ಟರ್, ವಾಷಿಂಗ್ ಮಾಸ್ಟರ್‌ಗಳು ಘಟಕದಿಂದ ಘಟಕಕ್ಕೆ ಹೋದಂತೆ ಕೆಲಸದ ಗುಟ್ಟೂ ಹೋಗುತ್ತದೆ. ಆದರೆ ಇಲ್ಲಿನ ಮಾಲು ಬಹುಪಾಲು ದೇಶದೊಳಗಿನ ಮಾರುಕಟ್ಟೆಗೇ ಹೋಗುವುದರಿಂದ, ಡೇವೂವಿನಂತೆ ಇಡೀ ವ್ಯವಹಾರ ಕಲಿಸುವ ಪಾಲುದಾರ ಬಂದಿಲ್ಲ. ಹೊಲಿಯುವವರಿಗೆ ಕೂಲಿ ಪೀಸ್ ಲೆಕ್ಕದಲ್ಲಿ ಸಿಗುತ್ತದೆ. ಹೊಸ ಯಂತ್ರ ಕಲಿಯಲು ಕಳೆದ ದಿನಕ್ಕೆ ಪೀಸ್ ಇಲ್ಲ, ಹಾಗಾಗಿ ಕಲಿಯುವ ಖರ್ಚು ಕಾರ್ಮಿಕನ ತಲೆಗೇ ಬರುತ್ತದೆ.

ಸರ್ಕಾರ ಕಡ್ಡಾಯ ಮಾಡಬಾರದೇ ಎಂದು ಕೇಳಬಹುದು. 1995ರಲ್ಲಿ ಜಾರಿಗೆ ಬಂದ ವಿಶ್ವ ವ್ಯಾಪಾರ ಸಂಸ್ಥೆಯ ಒಪ್ಪಂದಗಳು, ಇಂತಿಷ್ಟು ಬಿಡಿಭಾಗ ಸ್ಥಳೀಯವಾಗಿಯೇ ಕೊಳ್ಳಬೇಕು ಎಂಬ ಷರತ್ತನ್ನು ಹೂಡಿಕೆದಾರರ ಮೇಲೆ ಹೇರುವುದನ್ನು ತಡೆಯುತ್ತವೆ. ತಂತ್ರಜ್ಞಾನ ವರ್ಗಾವಣೆಗೆ ಶ್ರೀಮಂತ ದೇಶಗಳು ಉತ್ತೇಜನ ಕೊಡಬೇಕೆಂಬ ಟ್ರಿಪ್ಸ್ (ಬೌದ್ಧಿಕ ಆಸ್ತಿ ಹಕ್ಕುಗಳ) ಒಪ್ಪಂದದ 66.2ನೇ ವಿಧಿ ಅತಿ ಹಿಂದುಳಿದ ದೇಶಗಳಿಗೆ ಮಾತ್ರ. ಭಾರತ ಆ ಪಟ್ಟಿಯಲ್ಲಿಲ್ಲ. ತರಬೇತಿಯ ಮೇಲೆ ಈ ತಡೆಯಿಲ್ಲ. 1961ರ ಅಪ್ರೆಂಟಿಸ್ ಕಾಯ್ದೆ ಕೈಯಲ್ಲೇ ಇದೆ, ಅದನ್ನು ಬಳಸುವ ಮನಸ್ಸು ಬೇಕು.

ಇನ್ನು ನಿಮ್ಮ ಹುಡುಗನ ವಿಷಯ. ಫಿಟ್ಟರ್ ಟ್ರೇಡ್ ಕೆಟ್ಟ ಆಯ್ಕೆಯೇನಲ್ಲ. ಬೇರಿಂಗ್, ಅಲೈನ್‌ಮೆಂಟ್ ಬಲ್ಲವನು ಯಾವ ತಂತ್ರಜ್ಞಾನಕ್ಕೂ ಬೇಕಾಗುತ್ತಾನೆ. ಅದರ ಜೊತೆಗೆ ಹೈಡ್ರಾಲಿಕ್ಸ್ (ಎಣ್ಣೆಯ ಒತ್ತಡದಿಂದ ನಡೆಯುವ ಭಾಗಗಳು), ನ್ಯುಮ್ಯಾಟಿಕ್ಸ್ (ಗಾಳಿಯ ಒತ್ತಡದಿಂದ ನಡೆಯುವವು) ಮತ್ತು ಯಂತ್ರವನ್ನು ನಿಯಂತ್ರಿಸುವ ಸಣ್ಣ ಕಂಪ್ಯೂಟರ್ ಆದ ಪಿಎಲ್‌ಸಿಯ ಪ್ರಾಥಮಿಕ ಪಾಠ ಸೇರಿದರೆ, ಯಂತ್ರ ನಿಂತಾಗ ಮೊದಲು ಕರೆಯುವುದು ಅವನನ್ನೇ. ಅಪ್ರೆಂಟಿಸ್ ಆಗಿ ಸೇರುವ ಮುನ್ನ ಸ್ಟೈಪೆಂಡ್ ಎಷ್ಟು ಎಂದು ಕೇಳುವುದರೊಂದಿಗೆ, ವಾರ್ಷಿಕ ಓವರ್‌ಹಾಲಿಂಗ್‌ನಲ್ಲಿ ಯಂತ್ರ ಬಿಚ್ಚುವ ಗುಂಪಿನ ಜೊತೆ ಹುಡುಗರನ್ನು ನಿಲ್ಲಿಸುತ್ತಾರೋ, ಇಲ್ಲಾ ವರ್ಷವಿಡೀ ಸ್ಟೋರ್ ರೂಮಿನಲ್ಲೇ ಕೂರಿಸುತ್ತಾರೋ ಎಂಬುದನ್ನು ಹಿಂದಿನ ವರ್ಷದ ಅಪ್ರೆಂಟಿಸ್‌ಗಳಿಂದ ವಿಚಾರಿಸಿಕೊಳ್ಳಿ.