ಶಾಪ ತಟ್ಟಲು ಕಿವಿ ಬೇಕೇ?

ಕಲ್ಪಿತ ಲೋಕವೊಂದರಲ್ಲಿ ಮಾಟಗಾತಿ ಒಂದು ರಾಗ ಎಳೆಯುತ್ತಾಳೆ, ಕೇಳಿದವರೆಲ್ಲ ಕಲ್ಲಾಗುತ್ತಾರೆ. ಫ್ಯಾಂಟಸಿ ಬರೆಯುವವರಿಗೆ ಇಂಥ ನಾದಶಾಪ ಬಲು ಪ್ರಿಯ. ಓದುವವರಲ್ಲಿ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ: ಹಾಗಾದರೆ ಕಿವುಡನ ಗತಿಯೇನು? ತಮಾಷೆಯ ಪ್ರಶ್ನೆಯೇನೋ ಹೌದು. ಆದರೆ ಶಾಪ ಇರುವುದು ಸದ್ದಿನಲ್ಲೋ, ಅರ್ಥದಲ್ಲೋ, ಆಡಿದವರ ಬಾಯಲ್ಲೋ ಎಂಬ ಬಹಳ ಹಳೆಯ ತಕರಾರು ಅದರ ಹಿಂದಿದೆ.

ಕಿವಿಯ ಪಕ್ಷದ ಹಿರಿಯ ಸಾಕ್ಷಿ ಹೋಮರ್. ಅವನ ಗ್ರೀಕ್ ಮಹಾಕಾವ್ಯ ಒಡಿಸ್ಸಿಯ ಹನ್ನೆರಡನೆಯ ಭಾಗದಲ್ಲಿ, ಹಾಡಿ ಸೆಳೆಯುವ ಮಾಯಾವಿನಿಯರಾದ ಸೈರನ್‌ಗಳ ದ್ವೀಪ ಬರುತ್ತದೆ. ಅವರ ಹಾಡಿಗೆ ಮರುಳಾಗಿ ಹೋದವರ ಮೂಳೆಗಳು ಅಲ್ಲಿ ರಾಶಿ ಬಿದ್ದಿವೆ. ಕಥಾನಾಯಕ ಒಡಿಸ್ಯೂಸ್ ಜೇನುಮೇಣದ ದೊಡ್ಡ ಉಂಡೆಯನ್ನು ಕತ್ತಿಯಿಂದ ಚೂರು ಮಾಡಿ ಅಂಗೈಯಲ್ಲಿ ನಾದುತ್ತಾನೆ. ಬಿಸಿಲೂ ಜೊತೆಗೂಡಿ ಮೇಣ ಮೆತ್ತಗಾಗುತ್ತದೆ. ಅದನ್ನು ಒಬ್ಬೊಬ್ಬ ನಾವಿಕನ ಕಿವಿಗೂ ಮೆತ್ತುತ್ತಾನೆ. ಹಾಡು ಕೇಳುವ ಚಪಲ ಮಾತ್ರ ಬಿಡದೆ, ತನ್ನನ್ನು ಹಾಯಿಕಂಬಕ್ಕೆ ಕಟ್ಟಿಸಿಕೊಳ್ಳುತ್ತಾನೆ. ಇಲ್ಲಿ ಮಂತ್ರವಿಲ್ಲ, ಪ್ರತಿಮಂತ್ರವಿಲ್ಲ. ಕಿವಿ ಮುಚ್ಚಿದರೆ ಆಯಿತು, ಅಪಾಯವೇ ಇಲ್ಲ.

ಸದ್ದಿಲ್ಲದ ಶಾಪಕ್ಕೆ ಆಮೇಲೆ ಸದ್ದು ಅಂಟಿಕೊಂಡದ್ದೂ ಉಂಟು. ಮೊದಲನೆಯ ಶತಮಾನದ ಇತಿಹಾಸಕಾರ ಜೋಸೆಫಸ್ ಒಂದು ಮಾಯಾಬೇರಿನ ವಿಷಯ ಬರೆಯುತ್ತಾನೆ. ಅದನ್ನು ಮುಟ್ಟಿದವನಿಗೆ ಸಾವು. ಆದ್ದರಿಂದ ಬೇರಿಗೆ ನಾಯಿಯನ್ನು ಕಟ್ಟಿ ಕೀಳಿಸುತ್ತಾರೆ, ಸಾಯುವುದು ನಾಯಿ. ಕಿರುಚಾಟದ ಸುಳಿವೇ ಅಲ್ಲಿಲ್ಲ. ಯುರೋಪಿನ ಜನ ಈ ಕಥೆಯನ್ನು ಮ್ಯಾಂಡ್ರೇಕ್ ಗಿಡದ ತಲೆಗೆ ಕಟ್ಟಿದರು. ಕಿತ್ತಾಗ ಅದು ಚೀರುತ್ತದೆ, ಕೇಳಿದವರು ಸಾಯುತ್ತಾರೆ ಎಂದು ಸೇರಿಸಿದರು. ಶೇಕ್ಸ್‌ಪಿಯರನ ಜೂಲಿಯೆಟ್ ಗೋರಿಯೊಳಗಿನ ಭಯವನ್ನು ನೆನೆದಾಗ, ಕೇಳಿದವರಿಗೆ ಹುಚ್ಚು ಹಿಡಿಸುವ ಈ ಚೀರಾಟವೇ ಅವಳ ಬಾಯಿಗೆ ಬರುತ್ತದೆ. ಮುಟ್ಟಿದರೆ ಸಾವು ಎನ್ನುವುದಕ್ಕಿಂತ ಕೇಳಿದರೆ ಸಾವು ಎನ್ನುವುದು ಕಥೆ ಹೇಳುವವರ ನಾಲಿಗೆಗೆ ಹೆಚ್ಚು ರುಚಿಸಿರಬೇಕು. ಕೈಯನ್ನು ದೂರ ಇಟ್ಟುಕೊಳ್ಳಬಹುದು, ಕಿವಿಗೆ ರೆಪ್ಪೆಯಿಲ್ಲವಲ್ಲ.

ಎದುರು ಪಕ್ಷದ ಬಲವಾದ ಸಾಕ್ಷಿ ಕಾಳಿದಾಸ. ಶಾಕುಂತಲದ ನಾಲ್ಕನೆಯ ಅಂಕದಲ್ಲಿ ದುರ್ವಾಸರು ಆಶ್ರಮದ ಬಾಗಿಲಲ್ಲಿ ನಿಂತು 'ಅಯಮಹಂ ಭೋಃ' ಎನ್ನುತ್ತಾರೆ, ಇಗೋ ನಾನು ಬಂದಿದ್ದೇನೆ ಎಂದು. ಶಕುಂತಲೆಯ ಮನಸ್ಸೆಲ್ಲ ದುಷ್ಯಂತನ ಹತ್ತಿರ. ಅವಳಿಗೆ ಆ ಕರೆಯೂ ಕೇಳುವುದಿಲ್ಲ, ಬೆನ್ನಿಗೇ ಬಂದ ಶಾಪವೂ ಕೇಳುವುದಿಲ್ಲ. ಕೇಳಿಸಿದ್ದು ದೂರದಲ್ಲಿ ಹೂ ಬಿಡಿಸುತ್ತಿದ್ದ ಸಖಿಯರಿಗೆ. ಪ್ರಿಯಂವದೆ ಓಡಿಹೋಗಿ ಕಾಲಿಗೆ ಬಿದ್ದರೂ ಋಷಿ ಆಡಿದ್ದನ್ನು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ. ಗುರುತಿನ ಆಭರಣ ಕಂಡಾಗ ಶಾಪ ಮುಗಿಯುತ್ತದೆ ಎಂದು ಗಡಿ ಹಾಕುತ್ತಾರೆ, ಅಷ್ಟೆ. ಸಖಿಯರು ಈ ಸಂಗತಿಯನ್ನು ಅವಳಿಂದ ಮುಚ್ಚಿಡುತ್ತಾರೆ. ತನಗೆ ಶಾಪ ತಟ್ಟಿದೆ ಎಂಬುದೇ ಗೊತ್ತಿಲ್ಲದವಳು ಶಾಪವನ್ನು ಪೂರ್ತಿ ಉಣ್ಣುತ್ತಾಳೆ. ಒಡಿಸ್ಯೂಸನ ಮೇಣ ಇಲ್ಲಿ ಯಾವ ಕೆಲಸಕ್ಕೂ ಬಾರದು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂಬ ಗಾದೆಯ ಲೋಕವಿದು. ಬಾಯಿ ಬಿಟ್ಟ ಕ್ಷಣದಲ್ಲೇ ಕೆಲಸ ಮುಗಿದಿರುತ್ತದೆ. ಉಃಶಾಪ ಎಂಬ ಏರ್ಪಾಡು ಹುಟ್ಟಿದ್ದೂ ಇದರಿಂದಲೇ ಇರಬೇಕು. ಅಳಿಸಲು ಬಾರದ್ದಕ್ಕೆ ಕೊನೆಯನ್ನಾದರೂ ಗೊತ್ತು ಮಾಡಬಹುದು.

ಸದ್ದು ಆಡಿದವನ ಮೇಲೆಯೇ ತಿರುಗಿ ಬಿದ್ದರೆ? ಈ ಮೂರನೆಯ ದಾರಿ ನನಗೆ ಎಲ್ಲಕ್ಕಿಂತ ಮೆಚ್ಚು. ತೈತ್ತಿರೀಯ ಸಂಹಿತೆಯ ಕಥೆಯಲ್ಲಿ ಇಂದ್ರ ದೇವಶಿಲ್ಪಿ ತ್ವಷ್ಟೃವಿನ ಮಗನನ್ನು ಕೊಂದಿದ್ದಾನೆ. ಸೇಡಿಗಾಗಿ ತ್ವಷ್ಟೃ ಉಳಿದ ಸೋಮವನ್ನು ಬೆಂಕಿಗೆ ಸುರಿದು 'ಇಂದ್ರಶತ್ರು, ಬೆಳೆ' ಎನ್ನುತ್ತಾನೆ. ಅವನ ಮನಸ್ಸಿನಲ್ಲಿದ್ದದ್ದು ಇಂದ್ರನನ್ನು ಕೊಲ್ಲುವವನು ಎಂಬ ಅರ್ಥ. ಅದಕ್ಕೆ ಪದದ ಕೊನೆಯ ಅಕ್ಷರ ಉದಾತ್ತ, ಅಂದರೆ ಏರುದನಿಯದು, ಆಗಬೇಕಿತ್ತು. ಅವನು ಏರುದನಿಯನ್ನು ಮೊದಲ ಅಕ್ಷರದ ಮೇಲಿಟ್ಟ. ತತ್ಪುರುಷ ಸಮಾಸ ಬಹುವ್ರೀಹಿಯಾಯಿತು, ಇಂದ್ರನೇ ಯಾರನ್ನು ಕೊಲ್ಲುವನೋ ಅವನು ಎಂದಾಯಿತು. ಆ ಬೆಂಕಿಯಿಂದ ವೃತ್ರ ಹುಟ್ಟಿದ, ಬೆಳೆದ, ಇಂದ್ರನ ಕೈಯಲ್ಲಿ ಸತ್ತ. ಅಕ್ಷರವೊಂದೂ ಬದಲಾಗಿಲ್ಲ, ದನಿ ಏರಿದ ಜಾಗ ಮಾತ್ರ ಬದಲಾಗಿದೆ. ಪತಂಜಲಿ ಮಹಾಭಾಷ್ಯದ ಆರಂಭದಲ್ಲಿ, ವ್ಯಾಕರಣ ಏಕೆ ಕಲಿಯಬೇಕು ಎಂದು ಹೇಳುವಾಗ, ಇದೇ ಉದಾಹರಣೆ ಕೊಡುತ್ತಾನೆ. ಸ್ವರ ತಪ್ಪಿದ ಮಾತು ವಾಗ್ವಜ್ರವಾಗಿ ಯಜಮಾನನನ್ನೇ ಹೊಡೆಯುತ್ತದೆಯಂತೆ. ವ್ಯಾಕರಣದ ಮೇಷ್ಟ್ರಿಗೆ ಇದಕ್ಕಿಂತ ಒಳ್ಳೆಯ ಬೆದರಿಕೆ ಎಲ್ಲಿ ಸಿಕ್ಕೀತು!

ರೋಮನ್ನರು ಇದನ್ನೆಲ್ಲ ಕಾನೂನಿನ ಕಣ್ಣಿನಿಂದ ಕಂಡರು. ಅವರ ಮೊದಲ ಲಿಖಿತ ಕಾನೂನಾದ, ಕ್ರಿಸ್ತಪೂರ್ವ 450ರ ಸುಮಾರಿನ ಹನ್ನೆರಡು ಫಲಕಗಳಲ್ಲಿ ಕೆಟ್ಟ 'ಕಾರ್ಮೆನ್' ಹಾಡುವುದು ಅಪರಾಧ. ಹಾಡಿಗೂ ಮಂತ್ರಕ್ಕೂ ಅವರಲ್ಲಿ ಅದೊಂದೇ ಪದ. ಇಂಗ್ಲಿಷಿನ ಚಾರ್ಮ್ ಬಂದದ್ದು ಅಲ್ಲಿಂದ. ಹಳೆಯ ಐರಿಷ್ ಕಥೆಗಳಲ್ಲಿ ಕವಿಯ ನಿಂದಾಪದ್ಯ ರಾಜನ ಮುಖದ ಮೇಲೆ ಬೊಕ್ಕೆ ಎಬ್ಬಿಸುತ್ತದೆ. ಮುಖ ಕೆಟ್ಟವನು ಸಿಂಹಾಸನಕ್ಕೆ ಸಲ್ಲ.

ಇಷ್ಟು ಎಳೆಗಳು ಒಂದೇ ಗಂಟಾಗಿ ಸೇರಿದ್ದು ಆಟದ ಮೇಜಿನ ಮೇಲೆ. 1974ರಲ್ಲಿ ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಬಂತು. ಆಡುವವರು ಮಂತ್ರವಾದಿ, ಗಾಯಕ ಮುಂತಾದ ಪಾತ್ರಗಳಾಗಿ ಫ್ಯಾಂಟಸಿ ಕಥೆಯೊಂದನ್ನು ನಡೆಸುವ ಆಟವಿದು. ಆಟವೆಂದ ಮೇಲೆ ಜಗಳ, ಜಗಳವೆಂದ ಮೇಲೆ ನಿಯಮ. ಕವಿಗಳು ಮಸುಕಾಗಿ ಬಿಟ್ಟಿದ್ದನ್ನು ನಿಯಮ ಬರೆಯುವವರು ಅಡಿ, ಶೇಕಡಾ ಲೆಕ್ಕಕ್ಕೆ ಇಳಿಸಲೇಬೇಕಾಯಿತು. ಹೆಚ್ಚಿನ ಮಂತ್ರಗಳಿಗೆ ಉಚ್ಚಾರ ಕಡ್ಡಾಯ. ಮೂರನೆಯ ಆವೃತ್ತಿಯಲ್ಲಿ ಕಿವುಡಾದ ಮಂತ್ರವಾದಿ ಬಾಯಿಮಂತ್ರ ಹೇಳಿದರೆ ಅದು ಕೆಡುವ ಸಂಭವ ಶೇಕಡಾ 20. ತ್ವಷ್ಟೃವಿನ ಸ್ವರದೋಷಕ್ಕೇ ಬೆಲೆ ಕಟ್ಟಿದ ಹಾಗಿದೆ ಇದು. 2014ರ ಐದನೆಯ ಆವೃತ್ತಿಯಲ್ಲಿ ಗಾಯಕರಿಗೆ ಒಂದು ಬೈಗುಳದ ಮಂತ್ರವಿದೆ. ಬೈಸಿಕೊಂಡವನಿಗೆ ಅದು ಕೇಳಿಸಬೇಕು, ಅರ್ಥವಾಗಬೇಕಾಗಿಲ್ಲ. ಐರಿಷ್ ಕವಿಯ ಪದ್ಯಕ್ಕೆ ಸೈರನ್‌ಗಳ ಷರತ್ತು ಹಾಕಿದಂತೆ. ಅಲ್ಲೇ ಇನ್ನೊಂದು ಮಂತ್ರ ಇಪ್ಪತ್ತು ಅಡಿ ತ್ರಿಜ್ಯದ ಮೌನವನ್ನು ಸೃಷ್ಟಿಸುತ್ತದೆ. ಅದರೊಳಗೆ ಸದ್ದು ಹುಟ್ಟದು, ಅದನ್ನು ಹಾಯ್ದು ಹೋಗದು.

ಆ ಮೌನವನ್ನು ದುರ್ವಾಸರ ಸುತ್ತ ಕವಿಸಿದ್ದರೆ ಶಾಪವೇ ಹೊರಡುತ್ತಿರಲಿಲ್ಲ, ನಾಟಕವೂ ನಾಲ್ಕನೆಯ ಅಂಕಕ್ಕೇ ಸಪ್ಪೆಯಾಗುತ್ತಿತ್ತು. ಶಕುಂತಲೆಯ ಸುತ್ತ ಕವಿಸಿದ್ದರೆ ಒಂದಿಷ್ಟೂ ಪ್ರಯೋಜನವಿಲ್ಲ. ಅವಳು ಆಗಲೇ ಅಂಥದೊಂದು ಮೌನದಲ್ಲಿ ಕುಳಿತಿದ್ದಳು.