ಹುಲಿಯನ್ನು ನೋಡಲು ಕಾಸು ಕೊಡಬೇಕೇ? ಲಂಡನ್ ಮ್ಯೂಸಿಯಂಗಳ ಉಚಿತ ಪ್ರವೇಶದ ಹಿನ್ನೆಲೆ

ಲಂಡನ್ ನೋಡಲು ಹೊರಟ ಕುಟುಂಬವೊಂದು ಖರ್ಚಿನ ಪಟ್ಟಿ ಬರೆಯಲು ಕುಳಿತರೆ ಒಂದು ವಿಚಿತ್ರ ಕಣ್ಣಿಗೆ ಬೀಳುತ್ತದೆ. ಟವರ್ ಆಫ್ ಲಂಡನ್ ಕೋಟೆಯೊಳಗೆ ಕಾಲಿಡಲು ತಲೆಗೆ 30 ಪೌಂಡುಗಳಿಗೂ ಹೆಚ್ಚು, ಅಂದರೆ ಮೂರು ಸಾವಿರ ರೂಪಾಯಿಗೂ ಮೇಲೆ. ವೆಸ್ಟ್‌ಮಿನ್‌ಸ್ಟರ್ ಅಬೆಗೂ ಹೆಚ್ಚುಕಡಿಮೆ ಅಷ್ಟೇ. ಸೇಂಟ್ ಪಾಲ್ಸ್ ಕೆಥೆಡ್ರಲ್ಲಿಗೂ ಟಿಕೆಟ್ ಬೇಕು. ಆದರೆ ಬ್ರಿಟಿಷ್ ಮ್ಯೂಸಿಯಂ, ಟ್ರಫಾಲ್ಗರ್ ಚೌಕದ ನ್ಯಾಷನಲ್ ಗ್ಯಾಲರಿ, ಸೌತ್ ಕೆನ್ಸಿಂಗ್ಟನ್ನಿನ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಮ್ಯೂಸಿಯಂಗಳ ಎದುರು ಸೊನ್ನೆ ಬರೆಯಬಹುದು. ಆಗೀಗ ಏರ್ಪಡುವ ವಿಶೇಷ ಪ್ರದರ್ಶನಗಳಿಗೆ ಮಾತ್ರ ಶುಲ್ಕವಿದೆ. ಉಳಿದಂತೆ ಬಾಗಿಲಲ್ಲಿ ಒಂದು ಕಾಣಿಕೆ ಡಬ್ಬಿ, ಅಷ್ಟೇ. ದೇವರ ಮನೆ ನೋಡಲು ಹಣ ತೆರಬೇಕು. ಬ್ರಿಟಿಷ್ ಮ್ಯೂಸಿಯಂನಲ್ಲಿರುವ ಈಜಿಪ್ಟಿನ ಪ್ರಾಚೀನ ರೊಸೆಟ್ಟಾ ಶಿಲೆಯ ಮುಂದೆ ಬೇಕಾದಷ್ಟು ಹೊತ್ತು ಸುಮ್ಮನೆ ನಿಲ್ಲಬಹುದು.

ಈ ವ್ಯತ್ಯಾಸಕ್ಕೆ ಆಡಳಿತದ ಕಾರಣ ಸರಳವಾಗಿದೆ. ಟವರನ್ನು ನೋಡಿಕೊಳ್ಳುವ ಸಂಸ್ಥೆ ತನ್ನ ಗಳಿಕೆಯಲ್ಲೇ ಕೋಟೆಯನ್ನು ಕಾಪಾಡಬೇಕು. ಅಬೆಯೂ ಸೇಂಟ್ ಪಾಲ್ಸೂ ಚರ್ಚುಗಳು. ಪ್ರಾರ್ಥನೆಗೆ ಬಂದವರನ್ನು ಅವು ಹಣ ಕೇಳುವುದಿಲ್ಲ, ನೋಡಲು ಬಂದವರನ್ನು ಕೇಳುತ್ತವೆ. ರಾಷ್ಟ್ರೀಯ ಮ್ಯೂಸಿಯಂಗಳಿಗಾದರೋ ಸರ್ಕಾರದ ಖಜಾನೆಯಿಂದ ಅನುದಾನ ಬರುತ್ತದೆ. ಆದರೆ ಅನುದಾನವಿದ್ದ ಮಾತ್ರಕ್ಕೆ ಬಾಗಿಲು ತೆರೆದುಕೊಂಡಿತೆಂದು ತಿಳಿಯಬಾರದು. ಎರಡೂವರೆ ಶತಮಾನಗಳಲ್ಲಿ ಆ ಬಾಗಿಲು ಅರ್ಧ ತೆರೆದಿದೆ, ಮುಚ್ಚಿದೆ, ಮತ್ತೆ ತೆರೆದಿದೆ. ಈಗ ಹೊರದೇಶದವರಿಗೆ ಮಾತ್ರ ಅದನ್ನು ಮುಚ್ಚೋಣವೇ ಎಂಬ ಮಾತು ಎದ್ದಿದೆ. ಶ್ರೀರಂಗಪಟ್ಟಣದಿಂದ ಹೋದ ಟಿಪ್ಪುವಿನ ಮರದ ಹುಲಿಯೊಂದು ಆ ಬಾಗಿಲಿನ ಹಿಂದೆ ಇರುವುದರಿಂದ ಈ ಮಾತು ನಮಗೂ ಸಂಬಂಧಿಸಿದ್ದು.

ಕಥೆ ಶುರುವಾಗುವುದು ಹ್ಯಾನ್ಸ್ ಸ್ಲೋನ್ ಎಂಬ ವೈದ್ಯನಿಂದ. ಐರ್ಲೆಂಡಿನಲ್ಲಿ ಹುಟ್ಟಿ ಲಂಡನ್ನಿನ ಸಿರಿವಂತರಿಗೆ ಮದ್ದು ಕೊಟ್ಟು ಹೆಸರಾದ ಆತ ಪುಸ್ತಕ, ನಾಣ್ಯ, ಒಣಗಿಸಿದ ಗಿಡ, ಕಪ್ಪೆಚಿಪ್ಪು ಎಂದು 71,000ಕ್ಕೂ ಹೆಚ್ಚು ವಸ್ತುಗಳನ್ನು ಕೂಡಿಹಾಕಿದ್ದ. ಆತನ ಸಂಪತ್ತಿನ ಒಂದು ಭಾಗ ಹೆಂಡತಿಯ ಕಡೆಯಿಂದ, ಜಮೈಕಾದ ಕಬ್ಬಿನ ತೋಟಗಳಲ್ಲಿ ದುಡಿದ ಗುಲಾಮರ ಬೆವರಿನಿಂದ ಬಂದದ್ದು. ಈ ಕಾರಣಕ್ಕಾಗಿಯೇ 2020ರಲ್ಲಿ ಬ್ರಿಟಿಷ್ ಮ್ಯೂಸಿಯಂ ಆತನ ಪ್ರತಿಮೆಯನ್ನು ಪೀಠದಿಂದ ಇಳಿಸಿ, ಹಿನ್ನೆಲೆಯ ವಿವರಣೆಯೊಂದಿಗೆ ಗಾಜಿನ ಪೆಟ್ಟಿಗೆಯಲ್ಲಿಟ್ಟಿತು. 1753ರ ಜನವರಿಯಲ್ಲಿ ತೀರಿಕೊಂಡ ಸ್ಲೋನ್, ತನ್ನ ವಾರಸುದಾರರಿಗೆ 20,000 ಪೌಂಡ್ ಕೊಟ್ಟರೆ ಇಡೀ ಸಂಗ್ರಹ ದೇಶಕ್ಕೆ ಸೇರಲಿ ಎಂದು ಉಯಿಲು ಬರೆದಿಟ್ಟಿದ್ದ. ಪಾರ್ಲಿಮೆಂಟಿನ ಕೈಯಲ್ಲಿ ಅಷ್ಟು ಹಣವಿರಲಿಲ್ಲ. ಲಾಟರಿ ನಡೆಸಿದರು: ತಲಾ 3 ಪೌಂಡಿನ ಒಂದು ಲಕ್ಷ ಟಿಕೆಟ್. ದಲ್ಲಾಳಿಗಳು ಟಿಕೆಟ್‌ಗಳನ್ನು ಬಾಚಿಕೊಂಡು ಹೆಚ್ಚಿನ ಬೆಲೆಗೆ ಮಾರಿ ಹಗರಣವಾಯಿತು. ಆದರೂ ಮ್ಯೂಸಿಯಂ ಕಟ್ಟಲು ಸಾಕಾಗುವಷ್ಟು ಹಣ ಬಂತು. ಜಗತ್ತಿನ ಮೊದಲ ರಾಷ್ಟ್ರೀಯ ಮ್ಯೂಸಿಯಂಗಳಲ್ಲೊಂದು ಜೂಜಿನ ಹಣದಲ್ಲಿ ಹುಟ್ಟಿತು.

ಕಾನೂನಿನಲ್ಲಿ ಬರೆದದ್ದು ಮಾತ್ರ ಘನವಾಗಿತ್ತು. ಕಲಿಯುವ, ತಿಳಿಯುವ ಹಂಬಲವುಳ್ಳ ಎಲ್ಲರಿಗೂ ಮುಕ್ತ ಪ್ರವೇಶ ಎಂದಿತ್ತು 1753ರ ಕಾಯ್ದೆ. 1759ರ ಜನವರಿ 15ರಂದು ಬ್ಲೂಮ್ಸ್‌ಬರಿಯ ಮಾಂಟೆಗ್ಯೂ ಹೌಸ್‌ನಲ್ಲಿ ಬಾಗಿಲು ತೆರೆದಾಗ ಯಾರೂ ಶುಲ್ಕ ಕೇಳಲಿಲ್ಲ. ಆದರೆ ಒಳಗೆ ಹೋಗುವ ದಾರಿಯೇ ಬೇರೆಯಿತ್ತು. ನೋಡಬೇಕೆನ್ನುವವರು ಮೊದಲು ತಮ್ಮ ಹೆಸರು, ಸ್ಥಾನಮಾನ, ವಿಳಾಸ ಬರೆದು ದ್ವಾರಪಾಲಕನಿಗೆ ಅರ್ಜಿ ಕೊಡಬೇಕು. ಗ್ರಂಥಪಾಲಕರು ಅದನ್ನು ಪರಿಶೀಲಿಸಿ ಒಪ್ಪಬೇಕು. ಆಮೇಲೆ ಮತ್ತೆ ಬಂದು ಟಿಕೆಟ್ ಒಯ್ಯಬೇಕು. ನಿಗದಿಯಾದ ದಿನ ಬಂದರೆ ಸಣ್ಣ ಗುಂಪಿನಲ್ಲಿ ಸೇರಿಸಿ ಕರೆದೊಯ್ಯುತ್ತಿದ್ದರು. ಹಗಲು ಕೂಲಿ ಬಿಟ್ಟು ಇಷ್ಟು ಸಲ ಅಲೆಯಲು ಯಾವ ಕಮ್ಮಾರನಿಗೆ, ಯಾವ ನೇಕಾರನಿಗೆ ಸಾಧ್ಯವಿತ್ತು? ಕಾಸಿಲ್ಲದ ಬಾಗಿಲಿಗೂ ಬೀಗ ಹಾಕಬಹುದು ಎಂಬುದನ್ನು ಆ ಅರ್ಜಿಯ ಪದ್ಧತಿ ತೋರಿಸಿಕೊಟ್ಟಿತು.

ಬರ್ಮಿಂಗ್‌ಹ್ಯಾಮಿನ ಪುಸ್ತಕ ವ್ಯಾಪಾರಿ ವಿಲಿಯಂ ಹಟನ್ 1784ರಲ್ಲಿ ಲಂಡನ್ನಿಗೆ ಬಂದಾಗ ಆದದ್ದನ್ನು ಬರೆದಿಟ್ಟಿದ್ದಾನೆ. ಉಚಿತವಾಗಿ ಸಿಗಬೇಕಿದ್ದ ಟಿಕೆಟನ್ನು ಆತ ಸುಮಾರು ಎರಡು ಶಿಲಿಂಗ್ ತೆತ್ತು ಇನ್ನೊಬ್ಬನಿಂದ ಕೊಂಡುಕೊಂಡ. ಒಳಗೆ ಹೋದರೆ ಗುಂಪನ್ನು ದನ ಹೊಡೆದಂತೆ ಕೋಣೆಯಿಂದ ಕೋಣೆಗೆ ಓಡಿಸಿದರು. ಇದೇನು ಅದೇನು ಎಂದು ಕೇಳಿದ್ದಕ್ಕೆ ಕರೆದೊಯ್ಯುತ್ತಿದ್ದವನು ಸಿಡುಕಿದ. ಅರ್ಧ ಗಂಟೆಯಲ್ಲಿ ಹಟನ್ ಬೀದಿಯಲ್ಲಿದ್ದ. ಹುಡುಗುತನದಲ್ಲಿ ಗಿರಣಿಯಲ್ಲಿ ದುಡಿದು, ತಾನೇ ಓದಿಕೊಂಡು ಮೇಲೆ ಬಂದ ಮನುಷ್ಯ ಆತ. ತಿಳಿಯುವ ಹಂಬಲವುಳ್ಳವರು ಎಂದು ಕಾಯ್ದೆ ಬರೆದದ್ದು ಇಂಥವರನ್ನು ಕುರಿತೇ ಅಲ್ಲವೇ ಎಂದು ಓದುವಾಗ ಹೊಟ್ಟೆ ಉರಿಯುತ್ತದೆ.

1810ರಲ್ಲಿ ಟಿಕೆಟ್‌ನ ಕಟ್ಟುಪಾಡು ಹೋಯಿತು. ವಾರದಲ್ಲಿ ಮೂರು ದಿನ ಮರ್ಯಾದಸ್ಥರಂತೆ ಕಾಣುವ ಯಾರು ಬೇಕಾದರೂ ಬರಬಹುದಾಗಿತ್ತು. ಆದರೆ ಆ ಮೂರೂ ಕೆಲಸದ ದಿನಗಳು. ದುಡಿಯುವವರಿಗೆ ಬಿಡುವಿರುವ ರಜಾದಿನಗಳಲ್ಲಿ ಮ್ಯೂಸಿಯಂ ಮುಚ್ಚಿರುತ್ತಿತ್ತು. 1835ರಲ್ಲಿ ಪಾರ್ಲಿಮೆಂಟಿನ ಸಮಿತಿ ಇದನ್ನು ಪ್ರಶ್ನಿಸಿದಾಗ ಮುಖ್ಯ ಗ್ರಂಥಪಾಲಕ ಸರ್ ಹೆನ್ರಿ ಎಲಿಸ್ ಉತ್ತರಿಸಿದ್ದು ಹೀಗೆ: ರಜಾದಿನ ತೆರೆದರೆ ಕೀಳು ವರ್ಗದವರು ನುಗ್ಗುತ್ತಾರೆ, ಹಡಗುಕಟ್ಟೆಯ ನಾವಿಕರೂ ಅವರ ಜೊತೆ ಬರುವ ಹುಡುಗಿಯರೂ ಇರುವಲ್ಲಿಗೆ ಮೇಲಿನವರು ಬರಲು ಇಷ್ಟಪಡುವುದಿಲ್ಲ. ಸಮಿತಿ ಒಪ್ಪಲಿಲ್ಲ. 1837ರ ಈಸ್ಟರ್ ಸೋಮವಾರ ಮೊದಲ ಬಾರಿಗೆ ರಜಾದಿನದಂದು ಬಾಗಿಲು ತೆರೆಯಿತು. ಅಂದು ಸುಮಾರು 23,000 ಜನ ಬಂದು ನೋಡಿಕೊಂಡು ಹೋದರು. ಭಯಪಟ್ಟಂಥ ಹಾನಿ ಏನೂ ಆಗಲಿಲ್ಲ.

ನ್ಯಾಷನಲ್ ಗ್ಯಾಲರಿಯ ಜಾಡು ಸ್ವಲ್ಪ ಬೇರೆ. 1824ರಲ್ಲಿ ಸರ್ಕಾರ ಜಾನ್ ಜೂಲಿಯಸ್ ಆಂಗರ್‌ಸ್ಟೈನ್ ಎಂಬ ವ್ಯಾಪಾರಿಯ 38 ಚಿತ್ರಗಳನ್ನು ಕೊಂಡು ಅದನ್ನು ಆರಂಭಿಸಿತು. 1838ರಲ್ಲಿ ಅದು ಟ್ರಫಾಲ್ಗರ್ ಚೌಕಕ್ಕೆ ಬಂತು. ಪಶ್ಚಿಮದ ಶ್ರೀಮಂತರು ಗಾಡಿಯಲ್ಲಿ, ಪೂರ್ವದ ಬಡವರು ಕಾಲ್ನಡಿಗೆಯಲ್ಲಿ ತಲುಪಬಹುದಾದ ನಟ್ಟನಡುವಿನ ಜಾಗ ಅದು. ಇಲ್ಲಿಯ ಸಂದರ್ಶಕರ ಬಗ್ಗೆ ಚಿತ್ರಗಳ ಪಾಲಕ ಥಾಮಸ್ ಉವಿನ್ಸ್ 1850ರಲ್ಲಿ ಹೇಳಿದ ಸಾಕ್ಷ್ಯ ನನಗೆ ಬಹಳ ಪ್ರಿಯ. ಹಳ್ಳಿಗರಂತೆ ಕಾಣುವ ಒಂದು ಕುಟುಂಬ ಬುತ್ತಿಯ ಬುಟ್ಟಿ ಸಮೇತ ಬಂದು, ಕುರ್ಚಿಗಳನ್ನು ಸುತ್ತ ಎಳೆದುಕೊಂಡು ಊಟಕ್ಕೆ ಕುಳಿತಿತ್ತಂತೆ. ಆತ ಹೋಗಿ ಇದು ಸರಿಯಲ್ಲವೆಂದಾಗ ಅವರು ಸಿಟ್ಟಾಗಲಿಲ್ಲ, ನೀವೂ ತೆಗೆದುಕೊಳ್ಳಿ ಎಂದು ಒಂದು ಲೋಟ ಜಿನ್ ಮುಂದೆ ಹಿಡಿದರು. ಜಾತ್ರೆಯಲ್ಲಿ ಮರದ ನೆರಳಿಗೆ ಬುತ್ತಿ ಬಿಚ್ಚಿದ ನಮ್ಮ ಹಳ್ಳಿಗರೂ ಹಾದುಹೋಗುವವರನ್ನು ಹೀಗೆಯೇ ಕರೆಯುತ್ತಾರೆ. ಆ ಕುಟುಂಬ ಗ್ಯಾಲರಿಯನ್ನು ತಮ್ಮದೆಂದೇ ತಿಳಿದಿತ್ತು. ಕಾನೂನಿನ ಪ್ರಕಾರ ಅದು ಅವರದೇ ಆಗಿತ್ತು.

ಹೊಗೆ, ದೂಳು, ಜನರ ಉಸಿರಿನಿಂದ ಚಿತ್ರಗಳು ಕೆಡುತ್ತಿವೆ, ಊರಾಚೆಯ ಕೆನ್ಸಿಂಗ್ಟನ್ನಿಗೆ ಸಾಗಿಸೋಣ ಎಂಬ ವಾದ ಬಲವಾದಾಗ 1857ರಲ್ಲಿ ನ್ಯಾಯಮೂರ್ತಿ ಕೋಲ್‌ರಿಜ್ ಅದಕ್ಕೆ ಅಡ್ಡ ನಿಂತರು. ಚಿತ್ರಗಳು ಉಳಿಯುವುದೇ ಸಂಗ್ರಹದ ಗುರಿಯಲ್ಲ, ಜನರ ಮನಸ್ಸನ್ನು ಎತ್ತರಿಸುವ ಸಂತೋಷಕ್ಕೆ ಅವು ಸಾಧನ ಮಾತ್ರ ಎಂಬುದು ಅವರ ನಿಲುವು. ಗ್ಯಾಲರಿ ಚೌಕದಲ್ಲೇ ಉಳಿಯಿತು.

ಅದೇ ವರ್ಷ ಕೆನ್ಸಿಂಗ್ಟನ್ನಿನಲ್ಲಿ ಇನ್ನೊಂದು ಮ್ಯೂಸಿಯಂ ತೆರೆಯಿತು. ಲಂಡನ್ನಿನಲ್ಲಿ ನಡೆದ 1851ರ ಕೈಗಾರಿಕಾ ಮಹಾಪ್ರದರ್ಶನಕ್ಕೆ ಅರವತ್ತು ಲಕ್ಷ ಭೇಟಿಗಳಾಗಿ ಬಂದ ಲಾಭದಿಂದ ಕೊಂಡ ಜಮೀನಿನಲ್ಲಿ ಬೆಳೆದ ಈ ಸಂಸ್ಥೆಯ ರೂವಾರಿ ಹೆನ್ರಿ ಕೋಲ್. ದುಡಿಯುವವರಿಗೆ ಹಗಲು ಬಿಡುವಿಲ್ಲವಾದರೆ ರಾತ್ರಿ ಬರಲಿ ಎಂದು ಆತ ಗ್ಯಾಸ್ ದೀಪ ಹಚ್ಚಿಸಿದ. ವಾರದಲ್ಲಿ ಕೆಲವು ದಿನ ಉಚಿತ, ವಿದ್ಯಾರ್ಥಿಗಳಿಗೆ ಮೀಸಲಾದ ದಿನಗಳಲ್ಲಿ ಉಳಿದವರಿಗೆ ಆರು ಪೆನ್ಸ್. ಉಪಾಹಾರದ ಕೋಣೆಯನ್ನೂ ತೆರೆದ. ಶುಲ್ಕ ತೆಗೆದರೆ ಸಾಲದು, ಹೊತ್ತು ಕೂಡ ಹೊಂದಬೇಕು ಎಂದು ಕಂಡುಕೊಂಡ ಆಡಳಿತಗಾರ ಆತ. 1899ರಲ್ಲಿ ಇದಕ್ಕೆ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಎಂದು ಹೆಸರಾಯಿತು. ಭಾನುವಾರ ದೇವರ ದಿನವೆಂದು ಹಟ ಹಿಡಿದಿದ್ದವರ ವಿರೋಧದಿಂದಾಗಿ ರಾಷ್ಟ್ರೀಯ ಮ್ಯೂಸಿಯಂಗಳೆಲ್ಲ ಭಾನುವಾರ ತೆರೆಯಲು 1896ರವರೆಗೆ ಕಾಯಬೇಕಾಯಿತು.

ಟಿಪ್ಪುವಿನ ಹುಲಿ ಈ ಮನೆಗೆ ಬಂದದ್ದು ಸುತ್ತು ದಾರಿಯಲ್ಲಿ. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದ ಮೇಲೆ ಅರಮನೆಯ ಸಂಗೀತದ ಕೋಣೆಯಲ್ಲಿ ಕಂಪನಿಯ ಸೈನಿಕರಿಗೆ ಅದು ಸಿಕ್ಕಿತು: ಯುರೋಪಿನ ಸಿಪಾಯಿಯೊಬ್ಬನ ಮೇಲೆರಗಿ ಕುತ್ತಿಗೆಗೆ ಬಾಯಿ ಹಾಕಿರುವ, ಸುಮಾರು ಆರು ಅಡಿ ಉದ್ದದ ಮರದ ಹುಲಿ. ಹಿಡಿ ತಿರುಗಿಸಿದರೆ ಬಿದ್ದವನ ಕೈ ಮೇಲೇಳುತ್ತದೆ, ಆತ ನರಳುತ್ತಾನೆ, ಹುಲಿ ಗುರುಗುಟ್ಟುತ್ತದೆ. ಅದರ ಹೊಟ್ಟೆಯೊಳಗೆ ನುಡಿಸಬಹುದಾದ ಆರ್ಗನ್ ವಾದ್ಯವೂ ಇದೆ. 1808ರಿಂದ ಅದನ್ನು ಲೆಡನ್‌ಹಾಲ್ ಬೀದಿಯ ಈಸ್ಟ್ ಇಂಡಿಯಾ ಕಂಪನಿಯ ಕಚೇರಿಯಲ್ಲಿ ಇಟ್ಟರು. ಬಂದವರೆಲ್ಲ ಹಿಡಿ ತಿರುಗಿಸಿ ಗುರುಗುಟ್ಟಿಸುತ್ತಿದ್ದುದರಿಂದ ಅಲ್ಲಿನ ಗ್ರಂಥಾಲಯದ ಓದುಗರಿಗೆ ತಲೆಚಿಟ್ಟು ಹಿಡಿಯುತ್ತಿತ್ತು. ಕಂಪನಿಯ ಆಳ್ವಿಕೆ ಮುಗಿದ ಮೇಲೆ ಕಚೇರಿಯಿಂದ ಕಚೇರಿಗೆ ಅಲೆದು, 1880ರ ಹೊತ್ತಿಗೆ ಸೌತ್ ಕೆನ್ಸಿಂಗ್ಟನ್ನಿಗೆ ಸೇರಿತು. ಎರಡನೇ ಮಹಾಯುದ್ಧದಲ್ಲಿ ಛಾವಣಿ ಕುಸಿದು ನೂರಾರು ಚೂರಾಗಿದ್ದ ಅದನ್ನು 1947ರಲ್ಲಿ ಮತ್ತೆ ಜೋಡಿಸಿದರು.

ಯುದ್ಧದ ನಂತರ ಉಚಿತ ಪ್ರವೇಶ ಗಾಳಿ ಬೆಳಕಿನಷ್ಟೇ ಸಹಜವೆಂದು ಜನ ನಂಬಿದ್ದರು. ಅದು ಹಾಗಲ್ಲವೆಂದು 1970ರ ದಶಕದಲ್ಲಿ ತಿಳಿಯಿತು. ಎಡ್ವರ್ಡ್ ಹೀತ್ ಅವರ ಕನ್ಸರ್ವೇಟಿವ್ ಸರ್ಕಾರದಲ್ಲಿ ಕಲೆಗಳ ಹೊಣೆ ಹೊತ್ತಿದ್ದ ಲಾರ್ಡ್ ಎಕಲ್ಸ್ ಶುಲ್ಕದ ಕಾಯ್ದೆ ತಂದರು. ಅದಕ್ಕೆ ಸ್ವಲ್ಪ ಮುಂಚೆಯಷ್ಟೇ ಅವರು ಬ್ರಿಟಿಷ್ ಮ್ಯೂಸಿಯಂನ ಧರ್ಮದರ್ಶಿಗಳ ಅಧ್ಯಕ್ಷರಾಗಿದ್ದವರು. 1974ರ ಜನವರಿಯಲ್ಲಿ 10 ಪೆನ್ಸ್ ವಸೂಲಿ ಆರಂಭವಾಯಿತು. ಫೆಬ್ರುವರಿಯ ಚುನಾವಣೆಯ ನಂತರ ಲೇಬರ್ ಪಕ್ಷ ಅಧಿಕಾರಕ್ಕೆ ಬಂತು. ಮೂರೇ ತಿಂಗಳಲ್ಲಿ ಶುಲ್ಕ ರದ್ದಾಯಿತು.

ಮುಂದಿನ ದಶಕದಲ್ಲಿ ಸರ್ಕಾರ ಕಾಯ್ದೆಯ ಗೋಜಿಗೆ ಹೋಗಲಿಲ್ಲ, ಅನುದಾನವನ್ನು ಬಿಗಿ ಹಿಡಿಯಿತು. ಮ್ಯೂಸಿಯಂಗಳು ತಾವಾಗಿಯೇ ಕೈಯೊಡ್ಡಿದವು. ವಿಕ್ಟೋರಿಯಾ ಅಂಡ್ ಆಲ್ಬರ್ಟ್ 1985ರಲ್ಲಿ ‘ಸ್ವಯಂಪ್ರೇರಿತ’ ಕಾಣಿಕೆ ಕೇಳತೊಡಗಿತು. ಬಾಗಿಲಲ್ಲಿ ಎದುರುಗೊಂಡು ಕೇಳಿದಾಗ ಇಲ್ಲವೆನ್ನುವ ಸಂಕೋಚಕ್ಕಿಂತ ಬರದಿರುವುದೇ ಲೇಸೆಂದು ಅನೇಕರು ದೂರ ಉಳಿದರು, ಸಂದರ್ಶಕರ ಸಂಖ್ಯೆ ಕುಸಿಯಿತು. 1987ರಲ್ಲಿ ನ್ಯಾಚುರಲ್ ಹಿಸ್ಟರಿ ಮ್ಯೂಸಿಯಂ, ಮರುವರ್ಷ ಸೈನ್ಸ್ ಮ್ಯೂಸಿಯಂ ಶುಲ್ಕ ಹಾಕಿದವು. 1996ರಲ್ಲಿ ವಿಕ್ಟೋರಿಯಾ ಅಂಡ್ ಆಲ್ಬರ್ಟ್‌ನಲ್ಲೂ ಶುಲ್ಕ ಕಡ್ಡಾಯವಾಯಿತು. ಬ್ರಿಟಿಷ್ ಮ್ಯೂಸಿಯಂ, ನ್ಯಾಷನಲ್ ಗ್ಯಾಲರಿಯಂಥ ಕೆಲವು ಮಾತ್ರ ಬಗ್ಗಲಿಲ್ಲ.

ಹೀಗೆ ಬಗ್ಗದಿದ್ದುದಕ್ಕೆ ಅವು ದಂಡವನ್ನೂ ತೆರುತ್ತಿದ್ದವು. ಶುಲ್ಕ ಪಡೆಯುವ ಮ್ಯೂಸಿಯಂ ಕಾನೂನಿನ ಕಣ್ಣಿಗೆ ವ್ಯಾಪಾರ. ಅದು ತನ್ನ ದುರಸ್ತಿ, ಖರೀದಿಗಳ ಮೇಲೆ ಕಟ್ಟಿದ ಮೌಲ್ಯವರ್ಧಿತ ತೆರಿಗೆಯನ್ನು ಸರ್ಕಾರದಿಂದ ಮರಳಿ ಪಡೆಯಬಹುದಿತ್ತು. ಉಚಿತವಾಗಿ ತೋರಿಸುವ ಮ್ಯೂಸಿಯಂ ವ್ಯಾಪಾರವಲ್ಲ, ಆದ್ದರಿಂದ ಅದಕ್ಕೆ ಮರುಪಾವತಿಯಿಲ್ಲ. ಇದು ಬೇಕೆಂದೇ ಮಾಡಿದ ಅನ್ಯಾಯವಲ್ಲ, ತೆರಿಗೆಯ ನಿಯಮದಲ್ಲಿ ಯಾರೂ ಗಮನಿಸದೆ ಬಿಟ್ಟ ತೊಡಕು. ಆದರೆ ಉಚಿತವಾಗಿಸಲು ಮನಸ್ಸಿದ್ದವರನ್ನೂ ಅದು ಹಿಂದಕ್ಕೆ ಎಳೆಯುತ್ತಿತ್ತು. 1997ರಲ್ಲಿ ಲೇಬರ್ ಪಕ್ಷ ಮತ್ತೆ ಅಧಿಕಾರಕ್ಕೆ ಬಂದ ನಂತರ ಸಂಸ್ಕೃತಿ ಸಚಿವ ಕ್ರಿಸ್ ಸ್ಮಿತ್ 1999ರಲ್ಲಿ ಮಕ್ಕಳಿಗೆ, ಮರುವರ್ಷ 60 ದಾಟಿದವರಿಗೆ ಶುಲ್ಕ ತೆಗೆಸಿದರು. 2001ರಲ್ಲಿ ಈ ತೆರಿಗೆಯ ಗಂಟು ಬಿಚ್ಚಿದ ಮೇಲೆಯೇ ಎಲ್ಲರಿಗೂ ಬಾಗಿಲು ತೆರೆದದ್ದು. ಅದೇ ಡಿಸೆಂಬರ್ 1ರಿಂದ ರಾಷ್ಟ್ರೀಯ ಮ್ಯೂಸಿಯಂಗಳೆಲ್ಲ ಉಚಿತವಾದವು. ಹಿಂದೆ ಶುಲ್ಕ ಪಡೆಯುತ್ತಿದ್ದವುಗಳಿಗೆ ವರ್ಷಕ್ಕೆ 70 ಲಕ್ಷದಷ್ಟಿದ್ದ ಭೇಟಿಗಳು ಹತ್ತು ವರ್ಷಗಳಲ್ಲಿ ಒಂದು ಕೋಟಿ 80 ಲಕ್ಷದ ಸಮೀಪಕ್ಕೆ ಏರಿದವು.

ಹೀಗೆ ಬಂದವರಲ್ಲಿ ಹೊರದೇಶದವರ ಪಾಲು ದೊಡ್ಡದು. ಹೊಸ ವಾದ ಹುಟ್ಟಿದ್ದು ಇಲ್ಲಿಂದಲೇ. 2024ರಲ್ಲಿ ಸರ್ ಮಾರ್ಕ್ ಜೋನ್ಸ್, ಹೊರದೇಶದ ವಯಸ್ಕರಿಂದ 20 ಪೌಂಡ್ ಪಡೆಯಬಾರದೇಕೆ ಎಂದು ಕೇಳಿದರು. ಅವರು ಆಗಷ್ಟೇ ಬ್ರಿಟಿಷ್ ಮ್ಯೂಸಿಯಂನ ಹಂಗಾಮಿ ನಿರ್ದೇಶಕರಾಗಿದ್ದವರು. 2001ರಲ್ಲಿ ಶುಲ್ಕ ತೆಗೆದುಹಾಕಿದಾಗ ವಿಕ್ಟೋರಿಯಾ ಅಂಡ್ ಆಲ್ಬರ್ಟ್‌ನ ನಿರ್ದೇಶಕರೂ ಅವರೇ. ಅವರ ವಾದವನ್ನು ಹಗುರವಾಗಿ ತಳ್ಳಿಹಾಕಲಾಗದು. ಸೋರುವ ಮಾಳಿಗೆಗಳಿಗೆ ಹಣ ಬೇಕು, ಬ್ರಿಟನ್ನಿನ ತೆರಿಗೆದಾರರು ಜಗತ್ತಿನ ಪ್ರವಾಸಿಗರ ಖರ್ಚನ್ನು ಹೊರುತ್ತಿದ್ದಾರೆ ಎಂಬುದು ನಿಜ. ಪ್ಯಾರಿಸ್ಸಿನ ಲೂವ್ರ್ ಮ್ಯೂಸಿಯಂ ಬಹಳ ಕಾಲದಿಂದ ಟಿಕೆಟ್ ಮಾರುತ್ತಿದ್ದು, ಯುರೋಪಿನ ಹೊರಗಿನವರಿಗೆ ಹೆಚ್ಚಿನ ದರವೆಂದು ಫ್ರಾನ್ಸ್ ಘೋಷಿಸಿದ್ದೂ ಆಗಿದೆ. ನಾವು ಕೂಡ ತಾಜ್‌ಮಹಲಿನಲ್ಲಿ, ಹಂಪಿಯಲ್ಲಿ ವಿದೇಶೀಯರಿಂದ ಹಲವು ಪಟ್ಟು ಹೆಚ್ಚು ಪಡೆಯುತ್ತೇವೆ.

ಆದರೆ ತಾಜ್‌ಮಹಲು ಆಗ್ರಾದ್ದು, ವಿಜಯವಿಠ್ಠಲ ಹಂಪಿಯದು. ಬ್ರಿಟಿಷ್ ಮ್ಯೂಸಿಯಂನಲ್ಲಿರುವ ಅಮರಾವತಿಯ ಶಿಲ್ಪಗಳು ಕೃಷ್ಣಾ ತೀರದವು, ಪಾರ್ಥೆನಾನ್ ಶಿಲ್ಪಗಳು ಅಥೆನ್ಸಿನವು. ಮರಳಿಸಿ ಎಂದು ಗ್ರೀಸ್ ಕೇಳಿದಾಗಲೆಲ್ಲ ಬಂದ ಉತ್ತರಗಳಲ್ಲೊಂದು, ಇಲ್ಲಿ ಇಡೀ ಜಗತ್ತಿನ ಜನ ಅವನ್ನು ಉಚಿತವಾಗಿ ನೋಡುತ್ತಾರೆ ಎಂಬುದು. ಆ ಉತ್ತರ ಪೂರ್ತಿ ಒಪ್ಪುವಂಥದ್ದೆಂದು ನನಗೆ ಎಂದೂ ಅನ್ನಿಸಿಲ್ಲ. ವೀಸಾ, ವಿಮಾನದ ಖರ್ಚು ಹೊರಲಾರದ ಕೋಟ್ಯಂತರ ಜನರಿಗೆ ಆ ಬಾಗಿಲು ಎಂದಿಗೂ ತೆರೆದಿಲ್ಲ. ಆದರೂ ಅಲ್ಲಿಯವರೆಗೆ ಹೋದ ಗ್ರೀಕನಿಗೆ, ಮಂಡ್ಯದವನಿಗೆ ಬಾಗಿಲಲ್ಲಿ ನೀನು ಯಾವ ಊರಿನವನು ಎಂದು ಕೇಳದಿರುವುದು ಆ ಸಂಗ್ರಹಗಳಿಗೆ ಉಳಿದಿರುವ ಸಮರ್ಥನೆಗಳಲ್ಲಿ ಬಲವಾದದ್ದು. ಹೊರದೇಶದವರಿಗಷ್ಟೇ ಟಿಕೆಟ್ ಎಂದರೆ ಶ್ರೀರಂಗಪಟ್ಟಣದಿಂದ ಬಂದವರು ತಮ್ಮೂರಿನಿಂದ ಒಯ್ದ ಹುಲಿಯನ್ನು ನೋಡಲು ಹಣ ತೆರಬೇಕಾಗುತ್ತದೆ, ಲಂಡನ್ನಿನವರು ಸುಮ್ಮನೆ ಒಳಗೆ ಹೋಗುತ್ತಾರೆ. ಜೊತೆಗೆ, ಯಾರು ಹೊರಗಿನವರೆಂದು ತಿಳಿಯಲು ಎಲ್ಲರ ಗುರುತಿನ ಪತ್ರವನ್ನೂ ಪರೀಕ್ಷಿಸಬೇಕು. 1759ರ ದ್ವಾರಪಾಲಕ ಹೆಸರು, ಸ್ಥಾನಮಾನ, ವಿಳಾಸ ಬರೆದುಕೊಡಿ ಎಂದು ಕೇಳುತ್ತಿದ್ದುದು ಇದನ್ನೇ.

ಬ್ರಿಟಿಷ್ ಮ್ಯೂಸಿಯಂಗೆ 2024ರಲ್ಲಿ ಸುಮಾರು 65 ಲಕ್ಷ ಜನ ಬಂದರು. ಅಲ್ಲಿನ ಈಗಿನ ನಿರ್ದೇಶಕ ನಿಕೋಲಸ್ ಕಲಿನನ್ ಶುಲ್ಕದ ಪರವಾಗಿಲ್ಲ. ಸದ್ಯಕ್ಕೆ ಬಾಗಿಲಲ್ಲಿ ಕಾಣಿಕೆ ಡಬ್ಬಿಯೇ ಇದೆ. ಏನೂ ಹಾಕದೆ ಮುಂದೆ ಹೋದರೂ ಯಾರೂ ತಡೆಯುವುದಿಲ್ಲ.